ಗೃಹಸಾಲದ ಒಟ್ಟು ಲೆಕ್ಕ ಕನ್ನಡದಲ್ಲಿ ಕೊಡಿ

ಮಾನ್ಯ ಸಂಪಾದಕರೇ,

ನಮ್ಮ ಅಳಿಯಂದಿರು ತುಮಕೂರಿನಲ್ಲಿ ಮನೆ ಕೊಳ್ಳಲು ಹೊರಟಿದ್ದಾರೆ. ₹30 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ. ಬ್ಯಾಂಕಿನವರು ಬಾಯಿಬಿಟ್ಟು ಹೇಳಿದ್ದು ಒಂದೇ ಅಂಕಿ: ತಿಂಗಳ ಕಂತು ₹26,035. ನಾನು ಗಣಿತದ ಮೇಷ್ಟ್ರು, ನಿವೃತ್ತಿಯಾದರೂ ಚಟ ಬಿಟ್ಟಿಲ್ಲ. ಗುಣಿಸಿ ನೋಡಿದೆ. ಒಟ್ಟು ಕಟ್ಟುವ ಹಣ ₹62 ಲಕ್ಷ ದಾಟುತ್ತದೆ! ಮೊದಲ ಕಂತಿನಲ್ಲಿ ₹21,250 ಬಡ್ಡಿಗೇ ಹೋಗುತ್ತದೆ. ಅಸಲಿಗೆ ಸೇರುವುದು ₹4,785 ಮಾತ್ರ.

ದರ ಏರಿದಾಗ ಎಷ್ಟೋ ಸಲ ಕಂತು ಹಾಗೇ ಇಟ್ಟು ಅವಧಿ ಎಳೆಯುತ್ತಾರೆ. ಶುರುವಿನಲ್ಲೇ ದರ ಶೇ 8.5ರಿಂದ 9.5ಕ್ಕೆ ಏರಿದರೆ ಈ ಸಾಲ 25 ವರ್ಷ ದಾಟುತ್ತದೆ. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಯೊಳಗೆ ರೆಪೊ ದರ (ರಿಸರ್ವ್ ಬ್ಯಾಂಕು ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಶೇ 4ರಿಂದ 6.5ಕ್ಕೆ ಏರಿದ್ದು ನೆನಪಿದೆ ಅಲ್ವಾ?

2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ (ಸಾಲದ ಮುಖ್ಯ ವಿವರಗಳ ಪತ್ರ) ಕೊಡಬೇಕು, ಅದು ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಎಂದು ರಿಸರ್ವ್ ಬ್ಯಾಂಕೇ ಹೇಳಿದೆ. ಅಳಿಯಂದಿರ ಕೈಗೆ ಬಂದದ್ದು ಇಂಗ್ಲಿಷ್ ಕಾಗದದ ಕಂತೆ. ಸಹಿ ಹಾಕುವ ಕಡೆ ಮಾತ್ರ ಪೆನ್ಸಿಲ್ ಗುರುತು ಇತ್ತು! ಬ್ಯಾಂಕ್ ಶಾಖೆಗಳು ಈ ಪತ್ರವನ್ನು ನಾವು ಕೇಳುವ ಮೊದಲೇ ಕನ್ನಡದಲ್ಲಿ ಕೊಡಲಿ. ಒಟ್ಟು ಬಡ್ಡಿ ಎಷ್ಟು ಅನ್ನುವುದು ಮೊದಲ ಪುಟದಲ್ಲೇ ದಪ್ಪ ಅಕ್ಷರದಲ್ಲಿರಲಿ.

– ನಿವೃತ್ತ ಗಣಿತ ಶಿಕ್ಷಕ, ತಿಪಟೂರು