ಏಕರೂಪಿ ಅಂತ ಬರೆಯುವ ಮೊದಲು

ಪ್ರೀತಿಯ ತಂಗಿ,

ನಿನ್ನ ಹಕ್ಕಿಗಳ ಲೇಖನ ಓದಿದೆ. ಗೊರವಂಕದ ಭಾಗ ತುಂಬಾ ಹಿಡಿಸಿತು. ಒಂದು ಪದದ ಹತ್ತಿರ ಮಾತ್ರ ನಿಂತುಬಿಟ್ಟೆ. "ಗೊರವಂಕ ಏಕರೂಪಿ ಜೀವಿ" ಎಂದು ಬರೆದು ಮುಂದೆ ಹೋಗಿದ್ದೀಯ.

ಜೀವಶಾಸ್ತ್ರದಲ್ಲಿ ಮಾನೊಮಾರ್ಫಿಕ್, ಅಂದರೆ ಒಂದೇ ರೂಪದ್ದು, ಎನ್ನುವುದಕ್ಕೆ ಏಕರೂಪಿ ಸರಿಯಾದ ಪದವೇ. ಆದರೆ ಸುಮ್ನೆ ಓದಿದವರಿಗೆ ಗೊರವಂಕಗಳೆಲ್ಲ ತದ್ರೂಪಿ ಅವಳಿಗಳ ಹಾಗೆ ಎಂದು ಅನಿಸುತ್ತದೆ. ನೀನು ಹೇಳಬೇಕೆಂದಿದ್ದು ಗಂಡು, ಹೆಣ್ಣು ನೋಡಲು ಒಂದೇ ಥರ ಅಂತ, ಅಲ್ವಾ? ಹಾಗೇ ಬರೆ. ಪಕ್ಕದಲ್ಲಿ ಕೋಗಿಲೆಯನ್ನು ತಂದು ಕೂರಿಸು. ಗಂಡು ಕಪ್ಪು; ಹೆಣ್ಣು ಕಂದು, ಮೈತುಂಬ ಬಿಳಿ ಚುಕ್ಕೆ. ಓದುಗರಿಗೆ ತಾನಾಗಿ ತಿಳಿಯುತ್ತದೆ.

ಈ ಪದದ ಕಷ್ಟ ನನಗೆ ಅರ್ಥವಾಗಿದ್ದು ಚಿಟ್ಟೆಯಿಂದ. ಕರಿಬೇವಿನ ಗಿಡಕ್ಕೆ ಮೊಟ್ಟೆ ಇಡಲು ಬರುವ ಕಾಮನ್ ಮಾರ್ಮನ್ ಚಿಟ್ಟೆ ನೋಡಿದ್ದೀಯಲ್ಲ. ಗಂಡಿಗೆ ಒಂದೇ ರೂಪ: ಕಪ್ಪು ಮೈ, ಹಿಂದಿನ ರೆಕ್ಕೆಯಲ್ಲಿ ಬಿಳಿ ಮಚ್ಚೆಗಳ ಸಾಲು. ಹೆಣ್ಣಿಗೆ ಮೂರು ರೂಪ. ಒಂದು ಗಂಡಿನ ಹಾಗೇ ಇರುತ್ತದೆ. ಇನ್ನೊಂದು ಕಾಮನ್ ರೋಸ್ ಚಿಟ್ಟೆಯ ಹಾಗೆ, ಮತ್ತೊಂದು ಕ್ರಿಮ್ಸನ್ ರೋಸ್ ಹಾಗೆ. ಆ ರೋಸ್ ಚಿಟ್ಟೆಗಳು ಹುಳುವಾಗಿದ್ದಾಗ ಈಶ್ವರಿ ಬಳ್ಳಿ ತಿಂದು ಮೈಯಲ್ಲಿ ವಿಷ ಕೂಡಿಟ್ಟುಕೊಂಡಿರುತ್ತವೆ. ಹಕ್ಕಿಗಳು ಅವನ್ನು ಕಂಡರೆ ದೂರ. ಅವುಗಳ ವೇಷ ತೊಟ್ಟ ಹೆಣ್ಣೂ ಹಾಗೇ ಪಾರಾಗುತ್ತದೆ. ಈಗ ಹೇಳು, ಈ ಚಿಟ್ಟೆ ಏಕರೂಪಿಯೋ ಬಹುರೂಪಿಯೋ? ಗಂಡು ಏಕರೂಪಿ, ಹೆಣ್ಣು ಬಹುರೂಪಿ. ಯಾರು ಎಂದು ಹೇಳದೆ ಪದ ನಿಲ್ಲುವುದೇ ಇಲ್ಲ.

ಯಾವುದರಲ್ಲಿ ಅನ್ನುವುದೂ ಬೇಕು. 1983ರಲ್ಲಿ ದಕ್ಷಿಣ ಆಫ್ರಿಕಾದ 55 ಚೀತಾಗಳ 47 ಜೀನ್ ತಾಣಗಳನ್ನು (ವರ್ಣತಂತುವಿನಲ್ಲಿ ಜೀನ್ ಇರುವ ಜಾಗ) ವಿಜ್ಞಾನಿಗಳು ಪರೀಕ್ಷಿಸಿದರು. ಅಷ್ಟೂ ಏಕರೂಪಿ! ಒಂದರಲ್ಲೂ ವ್ಯತ್ಯಾಸ ಸಿಗಲಿಲ್ಲ. ಆದರೆ ಮೈಮೇಲಿನ ಚುಕ್ಕೆಗಳ ಚಿತ್ರ ಒಂದೊಂದು ಚೀತಾಕ್ಕೂ ಬೇರೆ. ಬರೀ "ಚೀತಾ ಏಕರೂಪಿ" ಎಂದರೆ ಕಾಡಿನಲ್ಲಿ ಅವನ್ನು ಚುಕ್ಕೆ ನೋಡಿ ಗುರುತಿಸುವವರು ಒಪ್ಪುತ್ತಾರಾ?

ಇನ್ನು ಗೊರವಂಕದ ಆ ವಾಕ್ಯದಲ್ಲಿ "ನಮ್ಮ ಕಣ್ಣಿಗೆ" ಎಂದು ಸೇರಿಸು. ಯುರೋಪಿನ ಬ್ಲೂ ಟಿಟ್ ಹಕ್ಕಿಯಲ್ಲೂ ಗಂಡು, ಹೆಣ್ಣು ನಮಗೆ ಹೆಚ್ಚುಕಡಿಮೆ ಒಂದೇ ಥರ ಕಾಣುತ್ತವೆ. ಆದರೆ ಗಂಡಿನ ನೆತ್ತಿಯ ಗರಿ ಅತಿನೇರಳೆ ಬೆಳಕನ್ನು ಜಾಸ್ತಿ ಪ್ರತಿಫಲಿಸುತ್ತದೆ ಎಂದು 1998ರಲ್ಲಿ ಗೊತ್ತಾಯಿತು. ಆ ಬೆಳಕು ನಮಗೆ ಕಾಣದು, ಹಕ್ಕಿಗಳಿಗೆ ಕಾಣುತ್ತದೆ. ಗಂಡು ಯಾವುದು, ಹೆಣ್ಣು ಯಾವುದು ಎಂಬ ಗೊಂದಲ ನಮ್ಮದು ಮಾತ್ರ.

ತಿದ್ದಿದ ಪ್ರತಿ ಕಳಿಸು. ಕಾಯುತ್ತಿರುತ್ತೇನೆ.

ನಿನ್ನ ಅಕ್ಕ