ಹೆರಿಗೆಗೆ ಮೊದಲೇ ಕೆಲಸ ಹೋದರೆ

ಚಿ. ರಘುವಿಗೆ ದೊಡ್ಡಪ್ಪನ ಆಶೀರ್ವಾದಗಳು.

ಮನೆ ಸುದ್ದಿಯೆಲ್ಲ ನಿಮ್ಮಪ್ಪ ಫೋನಿನಲ್ಲಿ ಹೇಳಿದ್ದಾನೆ. ಪತ್ರದ ಕೊನೆಗೆ ಸಣ್ಣಕ್ಷರದಲ್ಲಿ "ಹೆರಿಗೆಗೆ ಮೊದಲೇ ಲೇಆಫ್ ಆದರೆ ಇನ್ಶೂರೆನ್ಸೂ ಹೋಗುತ್ತಲ್ಲ" ಅಂತ ಬರೆದಿದ್ದೀಯಲ್ಲ, ಅದು ರಾತ್ರಿಯೆಲ್ಲ ಕೊರೆಯಿತು.

ಕೆಲಸಕ್ಕೂ ಆಸ್ಪತ್ರೆಗೂ ಈ ಅಮೆರಿಕದಲ್ಲಿ ಯಾಕೆ ಗಂಟು ಹಾಕಿದ್ದಾರೆ ಅಂತ 1971ರಲ್ಲಿ ಡೆಟ್ರಾಯಿಟ್‌ಗೆ ಬಂದಾಗ ನನಗೂ ಅರ್ಥವಾಗಿರಲಿಲ್ಲ. ಎಲ್ಲ ಎರಡನೇ ಮಹಾಯುದ್ಧದಿಂದ ಶುರು. 1942ರಲ್ಲಿ ಸರ್ಕಾರ ಸಂಬಳ ಏರಿಸುವುದಕ್ಕೆ ಕಡಿವಾಣ ಹಾಕಿತು. ಆಳು ಸಿಗದ ಕಂಪನಿಗಳು ವಿಮೆಯ ಆಸೆ ತೋರಿಸಿದವು. ಆಮೇಲೆ ಅಧ್ಯಕ್ಷ ಟ್ರೂಮನ್ ಎಲ್ಲರಿಗೂ ಸರ್ಕಾರಿ ವಿಮೆ ತರಲು ಹೊರಟರೆ ಡಾಕ್ಟರುಗಳ ಸಂಘ ಬಿಡಲಿಲ್ಲ. ಕಾರು ಕಾರ್ಮಿಕರ ನಾಯಕ ವಾಲ್ಟರ್ ರೂಥರ್‌ಗೂ ಅದೇ ಬೇಕಿತ್ತು. ಅದು ಆಗಲಿಲ್ಲವೆಂದು 1950ರಲ್ಲಿ ಜನರಲ್ ಮೋಟರ್ಸ್‌ನಿಂದ ಪಿಂಚಣಿಯನ್ನೂ ವಿಮೆಯ ಅರ್ಧ ಖರ್ಚನ್ನೂ ಬರೆಸಿಕೊಂಡರು. ಕೆಲಸ ಇದ್ದವನಿಗೆ ಸ್ವರ್ಗ. ಇಲ್ಲದವನಿಗೆ, ನೀನು ಬರೆದಿರುವ ಭಯ.

ಪಕ್ಕದ ಮನೆಯ ಮುದುಕ ಆ ಕಾಲದ ಫಲ ಉಂಡವನು. ಹೈಸ್ಕೂಲು ಮುಗಿಸದಿದ್ದರೂ ಸ್ವಂತ ಮನೆ, ಪಿಂಚಣಿ. ಅವನ ಮಗನನ್ನು 1980ರಲ್ಲಿ ಕೆಲಸದಿಂದ ತೆಗೆದರು. ಸೊಸೆಗೆ ಸಕ್ಕರೆ ಕಾಯಿಲೆ. ಇನ್ಸುಲಿನ್ ಸೀಸೆಗೆ ಪೆನ್ನಿನಲ್ಲಿ ಗೆರೆ ಎಳೆದು, ಈ ವಾರಕ್ಕೆ ಇಲ್ಲಿಯವರೆಗೆ ಅಂತ ಗುರುತು ಹಾಕಿದ್ದಳಂತೆ. ಅವರ ಫ್ರಿಜ್ಜಿನಲ್ಲಿ ನಿನ್ನ ದೊಡ್ಡಮ್ಮ ಕಂಡಿದ್ದು. ದುಡ್ಡು ಬೇಕಾ ಅಂತ ಒಂದು ಮಾತು ಕೇಳಬಹುದಿತ್ತು ನಾನು. ನನಗೂ ಲೇಆಫ್ ಪಟ್ಟಿಯದೇ ಭಯ, ಬೇಲಿಯ ಹತ್ತಿರ ಹೋಗುವುದನ್ನೇ ಬಿಟ್ಟೆ. ಅವರು ಟೆಕ್ಸಸ್‌ಗೆ ಹೋದರು ಅಂತ ಮುದುಕ ಹೇಳಿದ ಮೇಲೇ ಗೊತ್ತಾಗಿದ್ದು.

ಇದನ್ನೆಲ್ಲ ಹೇಳಿ ನಿನ್ನನ್ನು ಇನ್ನಷ್ಟು ಹೆದರಿಸಿದೆನೋ ಏನೋ. ಅಷ್ಟು ಕೆಟ್ಟ ಕಾಲವಲ್ಲ ಇದು. ಕೋಬ್ರಾ ಕಾನೂನು 1986ರಲ್ಲಿ ಬಂತು; ಹೆಸರು ಕೇಳಿದರೇ ಕಚ್ಚುವ ಹಾಗಿದೆ, ಕಚ್ಚುವುದೂ ನಿಜ. ನಿನ್ನಂಥ ದೊಡ್ಡ ಕಂಪನಿಯವರು ಕೆಲಸ ಹೋದ ಮೇಲೂ 18 ತಿಂಗಳು ಅದೇ ವಿಮೆ ಉಳಿಸಿಕೊಳ್ಳಬಹುದು, ಆದರೆ ಕಂಪನಿಯ ಪಾಲೂ ನಮ್ಮ ತಲೆಗೇ. ಜನ ತಾವೇ ವಿಮೆ ಕೊಳ್ಳುವ ಸರ್ಕಾರಿ ಏರ್ಪಾಡು ಮಾರ್ಕೆಟ್‌ಪ್ಲೇಸ್‌ನಲ್ಲೂ ನೋಡು, 2014ರಿಂದ ಬಸುರಿ ಅಂತ ಅಲ್ಲಿ ಯಾರೂ ವಿಮೆ ಇಲ್ಲ ಅನ್ನುವ ಹಾಗಿಲ್ಲ. ನಿನಗೆ ಇದೆಲ್ಲ ಗೊತ್ತಿರಬಹುದು, ಮುದುಕನ ಚಪಲ.

ಸುಮಾಳ ಆಫೀಸಿನ ವಿಮೆಗೆ ನೀವಿಬ್ಬರೂ ಸೇರಬಹುದಾ? ಕೇಳಿ ಬರೆ. ಕೋಬ್ರಾಗೆ ಕಟ್ಟಬೇಕಾಗಿ ಬಂದರೆ ಬಿಲ್ ನನಗೆ ಕಳಿಸು. ನಿಮ್ಮಪ್ಪನಿಗೆ ಹೇಳಬೇಕಾಗಿಲ್ಲ.

ಇತಿ,
ನಿನ್ನ ದೊಡ್ಡಪ್ಪ