ದುಡ್ಡು ವಾಪಸ್ ಕೊಡಲು ತೆರಿಗೆ ಕೇಳಿದರೆ ಎಚ್ಚರ

ಮಾನ್ಯರೇ,

ನಕಲಿ ಷೇರು ಟ್ರೇಡಿಂಗ್ ಆ್ಯಪ್‌ ನಂಬಿ ಜನ ದುಡ್ಡು ಕಳೆದುಕೊಂಡ ಸುದ್ದಿ ಮತ್ತೆ ಮತ್ತೆ ಬರುತ್ತಲೇ ಇದೆ. ನಮ್ಮ ಬೀದಿಯ ನಿವೃತ್ತ ಮೇಷ್ಟ್ರೊಬ್ಬರಿಗೂ ಹೀಗೇ ಆಯಿತು. ಯಾರೋ ಅವರನ್ನು ವಾಟ್ಸ್‌ಆ್ಯಪ್ ಗುಂಪಿಗೆ ಸೇರಿಸಿದರು. ಮೊದಲು ಐದು ಸಾವಿರ ಲಾಭ ಖಾತೆಗೆ ಬಂತು ಕೂಡ. ನಂಬಿ ಎಫ್‌ಡಿ ಮುರಿಸಿ ಹಾಕಿದರು. ಪ್ರತಿ ಸಲವೂ ಬೇರೆ ಬೇರೆ ಹೆಸರಿನ ಖಾತೆಗೆ! ಮೊಬೈಲಿನಲ್ಲಿ 18 ಲಕ್ಷ ಅಂತ ತೋರಿಸುತ್ತಿತ್ತು. ವಾಪಸ್ ಕೇಳಿದರೆ, ‘ಮೊದಲು ತೆರಿಗೆ ಕಟ್ಟಿ’ ಎಂದರು. ಮೋಸದ ದೊಡ್ಡ ಗುರುತು ಇದೇ. ಲಾಭದ ತೆರಿಗೆಯನ್ನು ನಾವು ಕಟ್ಟುವುದು ಸರ್ಕಾರಕ್ಕೆ, ಬ್ರೋಕರ್ ಹೇಳಿದ ಖಾತೆಗಲ್ಲ, ಅಲ್ವಾ?

ಷೇರು ಮಾರುಕಟ್ಟೆಯ ನಿಯಂತ್ರಕ ಸಂಸ್ಥೆಯಾದ ಸೆಬಿಯಲ್ಲಿ ನೋಂದಾಯಿಸಿದ ಬ್ರೋಕರ್‌ಗಳಿಗೆ 2025ರ ಅಕ್ಟೋಬರ್‌ನಿಂದ ‘ವ್ಯಾಲಿಡ್’ (valid) ಎಂಬ ಪದವಿರುವ ಯುಪಿಐ ವಿಳಾಸ ಬಂದಿದೆ. ಸೆಬಿಯ ‘ಸೆಬಿ ಚೆಕ್’ ಎಂಬ ಆನ್‌ಲೈನ್ ಸೌಲಭ್ಯದಲ್ಲಿ ಬ್ರೋಕರ್‌ನ ಬ್ಯಾಂಕ್ ಖಾತೆಯನ್ನೂ ತಾಳೆ ನೋಡಬಹುದು. ಇದು ಎಷ್ಟು ಹಿರಿಯರಿಗೆ ಗೊತ್ತಿದೆ? ಬ್ಯಾಂಕ್‌ಗಳು ಇದನ್ನು ಕನ್ನಡದಲ್ಲಿ ದಪ್ಪಕ್ಷರದಲ್ಲಿ ಬರೆದು, ಸೈಬರ್ ವಂಚನೆ ದೂರಿನ 1930 ಸಹಾಯವಾಣಿ ಸಂಖ್ಯೆಯ ಜೊತೆ ಕೌಂಟರ್ ಬಳಿ ಹಾಕಲಿ. ವಯಸ್ಸಾದವರು ಎಫ್‌ಡಿ ಮುರಿಸಲು ಬಂದಾಗ, ‘ಯಾರಿಗೆ ಕಳಿಸ್ತಿದ್ದೀರಿ?’ ಎಂದು ಸಿಬ್ಬಂದಿ ಒಂದು ಮಾತು ಕೇಳಲಿ.

– ಓದುಗ, ಮೈಸೂರು